ಹೆಸರು ಉಳಿಯದವರಿಗೆ ನಾವಿಟ್ಟ ಹೆಸರುಗಳು

‘ಅಲೆಮಾರಿ’ ಎಂಬ ಪದ ನಮ್ಮಲ್ಲಿ ಬೈಗುಳವೂ ಹೌದು. ಕೆಲಸವಿಲ್ಲದೆ ಊರು ಸುತ್ತುವ ಹುಡುಗನಿಗೆ ಮನೆಯಲ್ಲಿ ಸಿಗುವ ಬಿರುದು ಅದೇ. ಆದರೆ ಇಂಗ್ಲಿಷಿನ ‘ನೋಮ್ಯಾಡ್’ ಪದದ ಬೇರು ಹುಡುಕಿ ಹೊರಟರೆ ಗ್ರೀಕರ ಹುಲ್ಲುಗಾವಲು ಎದುರಾಗುತ್ತದೆ. ಮೇವು ಅರಸಿ ಹೋಗುವವರು ಎಂಬುದು ಅದರ ಮೂಲ ಅರ್ಥ. ‘ಬೆದೂಯಿನ್’ ಪದ ಹುಟ್ಟಿದ್ದು ಅರಬ್ಬಿಯ ‘ಬಾದಿಯಾ’ದಿಂದ, ಅಂದರೆ ಮರುಭೂಮಿಯ ಬಯಲಿನಿಂದ. ಒಂದು ಪದ ಅವರ ಕಸುಬನ್ನು ಹೇಳುತ್ತದೆ, ಇನ್ನೊಂದು ನೆಲವನ್ನು. ಗೊತ್ತುಗುರಿಯಿಲ್ಲದ ಅಲೆದಾಟದ ಮಾತು ಎರಡರಲ್ಲೂ ಇಲ್ಲ.

ಅಲೆಮಾರಿಗಳು ಕುರುಹು ಬಿಟ್ಟುಹೋಗುವುದಿಲ್ಲ ಎಂಬ ನಂಬಿಕೆ ಪುರಾತತ್ವದಲ್ಲೂ ಬಹುಕಾಲ ಇತ್ತು. ಮರುಭೂಮಿಯ ಕಲ್ಲುಗಳು ಬೇರೆಯದನ್ನೇ ಹೇಳುತ್ತವೆ.

1920ರ ದಶಕದಲ್ಲಿ ಜೋರ್ಡಾನಿನ ಕಪ್ಪು ಕಲ್ಲಿನ ಮರುಭೂಮಿಯ ಮೇಲೆ ಹಾರುತ್ತಿದ್ದ ಬ್ರಿಟಿಷ್ ಪೈಲಟ್‌ಗಳಿಗೆ ನೆಲದ ಮೇಲೆ ಗಾಳಿಪಟದಂಥ ಆಕಾರಗಳು ಕಂಡವು. ಅವರು ‘ಕೈಟ್’ ಎಂದು ಕರೆದರು, ಆ ಹೆಸರೇ ನಿಂತಿತು. ಬೆದೂಯಿನರು ಅವನ್ನು ಕರೆಯುತ್ತಿದ್ದುದು ‘ಹಿರಿಯರ ಕೆಲಸ’ ಎಂದು. ಅವು ಜಿಂಕೆ ಹಿಡಿಯುವ ಬಲೆಗಳು. ದೂರದಿಂದ ಬರುವ ಉದ್ದುದ್ದ ಕಲ್ಲುಗೋಡೆಗಳು ಕಿರಿದಾಗುತ್ತಾ ಒಂದು ದೊಡ್ಡ ಆವರಣಕ್ಕೆ ಸೇರುತ್ತವೆ, ಅದರ ಅಂಚಿನಲ್ಲಿ ಗುಂಡಿಗಳು. ಇವುಗಳಲ್ಲಿ ಕೆಲವು ಸುಮಾರು 9,000 ವರ್ಷ ಹಳೆಯವು. ಹತ್ತಾರು ಕೈ ಸೇರದೆ, ಪ್ರಾಣಿಗಳು ಓಡುವ ದಾರಿ ಗೊತ್ತಿಲ್ಲದೆ ಕಟ್ಟಲಾಗದ ಕೆಲಸ ಅದು.

ಸಿನಾಯ್ ಮರುಭೂಮಿಯಲ್ಲಿ ‘ನವಾಮಿಸ್’ ಎಂಬ ದುಂಡನೆಯ ಕಲ್ಲುಮನೆಗಳಿವೆ. ಅರಬ್ಬಿಯಲ್ಲಿ ಅದರ ಅರ್ಥ ಸೊಳ್ಳೆಗಳು! ಸೊಳ್ಳೆಕಾಟದಿಂದ ಪಾರಾಗಲು ಇಸ್ರೇಲೀಯರು ಕಟ್ಟಿಕೊಂಡ ಗೂಡುಗಳಿವು ಎಂಬುದು ಸ್ಥಳೀಯರ ಕಥೆ. ಅಗೆದು ನೋಡಿದಾಗ ಸಿಕ್ಕಿದ್ದು ಎಲುಬು, ಮಣಿ, ಚಿಪ್ಪಿನ ಬಳೆ. ಅವು ಕ್ರಿ.ಪೂ. ನಾಲ್ಕನೇ ಸಹಸ್ರಮಾನದ ಸಮಾಧಿಗಳು. ಬಾಗಿಲುಗಳೆಲ್ಲ ಸೂರ್ಯ ಮುಳುಗುವ ಪಡುವಣಕ್ಕೆ. ಬದುಕಿದ್ದಾಗ ಒಂದೆಡೆ ನಿಲ್ಲದವರು ಸತ್ತವರಿಗೆ ಮಾತ್ರ ಅಲುಗದ ಮನೆ ಕಟ್ಟಿದ್ದರು.

ಆ ಸೀಮೆಯ ಪ್ರಾಚೀನ ಪಶುಪಾಲಕ ಸಂಸ್ಕೃತಿಗೆ ವಿದ್ವಾಂಸರು ತಿಮ್ನಾ ಕಣಿವೆಯ ಹೆಸರಿನಿಂದ ‘ತಿಮ್ನಿಯನ್’ ಎಂದು ಕರೆದರು. ಅವರಲ್ಲಿ ಬರವಣಿಗೆ ಇರಲಿಲ್ಲ. ಹಾಗಾಗಿ ತಮ್ಮನ್ನು ತಾವು ಏನೆಂದು ಕರೆದುಕೊಳ್ಳುತ್ತಿದ್ದರು ಎಂಬುದು ಅವರೊಂದಿಗೇ ಹೋಯಿತು. ಗಾಳಿಪಟ, ಸೊಳ್ಳೆ, ಕಣಿವೆ: ಉಳಿದವೆಲ್ಲ ಬೇರೆಯವರು ಇಟ್ಟ ಹೆಸರುಗಳೇ.

ಅವರನ್ನು ಕೇಳುವ ಅವಕಾಶ ನಮಗಿಲ್ಲ. ಆದರೆ ಸುಗ್ಗಿ ಮುಗಿದ ನಮ್ಮ ಹೊಲಗಳಿಗೆ ಇಂದಿಗೂ ಕುರಿಹಿಂಡು ಹೊಡೆದುಕೊಂಡು ಬರುವವರಿದ್ದಾರೆ. ಯಾವ ತಿಂಗಳು ಯಾವ ಊರು, ನೀರು ಎಲ್ಲಿ, ಯಾರ ಹೊಲಕ್ಕೆ ಗೊಬ್ಬರ ಬೇಕು ಎಂಬ ಲೆಕ್ಕವೆಲ್ಲ ಅವರ ತಲೆಯಲ್ಲಿದೆ. ಅವರನ್ನು ‘ಅಲೆಮಾರಿ’ ಎಂದು ಬರೆದುಕೊಳ್ಳುವ ಮೊದಲು, ತಮ್ಮ ಬದುಕಿಗೆ ಅವರೇ ಯಾವ ಹೆಸರಿಟ್ಟುಕೊಂಡಿದ್ದಾರೆಂದು ಕೇಳಬಹುದಲ್ಲವೇ?