ತುಕ್ಕು ಹಿಡಿಯುವ ಮುನ್ನ ಬಿಡಿಸಿಕೊಳ್ಳಿ

ಕಾಸರಗೋಡು: ಗಡಿನಾಡಿನ ಪೊಲೀಸ್ ಠಾಣೆಗಳ ಅಂಗಳಕ್ಕೊಮ್ಮೆ ಕಣ್ಣು ಹಾಯಿಸಿ. ಮಣ್ಣು ಹಿಡಿದ ಲಾರಿ, ಬಳ್ಳಿ ಹಬ್ಬಿದ ಆಟೋ, ಟಯರು ಕಳಚಿದ ಬೈಕು. ನಮ್ಮ ಮಳೆಗಾಲ ನಾಲ್ಕು ಸಲ ಬಂದು ಹೋದರೆ ಅದು ಗಾಡಿಯಲ್ಲ, ಗುಜರಿ. ಆದರೆ ಅದರ ಮಾಲಕ ಬ್ಯಾಂಕಿಗೆ ಕಂತು ಕಟ್ಟುವುದು ಮಾತ್ರ ತಪ್ಪುವುದಿಲ್ಲ.

“ಕೇಸು ಮುಗಿಯದೆ ಗಾಡಿ ಸಿಗ್ಲಿಕ್ಕಿಲ್ಲ ಮಾರಾಯ್ರೆ” ಎಂಬ ಮಾತು ನಮ್ಮಲ್ಲಿ ಬೇರೂರಿಬಿಟ್ಟಿದೆ. ಇದು ತಪ್ಪು ತಿಳುವಳಿಕೆ.

ಮುದ್ದೆಮಾಲು, ತೊಂಡಿಮುದಲ್

ಕರ್ನಾಟಕದ ಕೋರ್ಟುಗಳಲ್ಲಿ ಮುದ್ದೆಮಾಲು ಎನ್ನುವುದಕ್ಕೆ ಇಲ್ಲಿ ತೊಂಡಿಮುದಲ್ ಎನ್ನುತ್ತಾರೆ. 2017ರಲ್ಲಿ ಇದೇ ಪದದ ಹೆಸರಿನ ಮಲಯಾಳ ಸಿನಿಮಾ ಬಂದಿತ್ತು. ಕಳವಾದ ಒಂದು ಚಿನ್ನದ ಸರದ ಕತೆ, ನಡೆಯುವುದು ಕಾಸರಗೋಡಿನಲ್ಲೇ.

ಚಿನ್ನದ ವಿಷಯದಲ್ಲಿ ಹಳೆಯದೊಂದು ನಿಜಕತೆಯೂ ಉಂಟು. ಆಗಿನ ಮೈಸೂರು ರಾಜ್ಯದ ಬಸವ್ವ ಪಾಟೀಲ ಎಂಬವರ ಒಡವೆ ಕಳವಾಯಿತು. ಪೊಲೀಸರು ಪತ್ತೆ ಹಚ್ಚಿ ವಶಪಡಿಸಿಕೊಂಡರು. ಆದರೆ ಅವರ ವಶದಲ್ಲಿದ್ದಾಗಲೇ ಅದು ಮತ್ತೆ ಮಾಯವಾಯಿತು! ವಸ್ತು ಇಲ್ಲದಿದ್ದರೆ ಅದರ ಬೆಲೆಯನ್ನು ಸರಕಾರವೇ ಕೊಡಬೇಕು ಎಂದು ಸುಪ್ರೀಂ ಕೋರ್ಟ್ 1977ರಲ್ಲಿ ತೀರ್ಪಿತ್ತಿತು. ಅಗತ್ಯಕ್ಕಿಂತ ಹೆಚ್ಚು ಕಾಲ ವಸ್ತುವನ್ನು ಪೊಲೀಸರ ಅಥವಾ ಕೋರ್ಟಿನ ವಶದಲ್ಲಿ ಇಡಬಾರದು ಎಂಬುದು ಅಂದಿನಿಂದಲೂ ಇರುವ ನಿಯಮ.

2002ರ ಸುಂದರಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ ಕೋರ್ಟ್ ಇದನ್ನು ಇನ್ನೂ ಬಿಡಿಸಿ ಹೇಳಿತು. ಮಹಜರು ಮಾಡಿ, ಫೋಟೋ ತೆಗೆದು, ಬಾಂಡ್ ಬರೆಸಿಕೊಂಡು ವಸ್ತುವನ್ನು ಮಾಲಕರಿಗೆ ಕೊಡಿ. ವಾಹನಗಳನ್ನು ಠಾಣೆಯಲ್ಲಿ ಕೊಳೆಸುವುದರಿಂದ ಯಾರಿಗೂ ಪ್ರಯೋಜನವಿಲ್ಲ.

ಈಗಿನ ಕಾನೂನು

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497ನೇ ಕಲಮು ಇದಕ್ಕೆ ದಿನ ಗೊತ್ತು ಮಾಡಿದೆ. ವಸ್ತು ಕೋರ್ಟಿನ ಮುಂದೆ ಬಂದ 14 ದಿನಗಳೊಳಗೆ ಅದರ ವಿವರಪಟ್ಟಿ ತಯಾರಾಗಬೇಕು. ಫೋಟೋ, ಬೇಕಿದ್ದರೆ ವಿಡಿಯೋ ತೆಗೆಯಬೇಕು. ಆ ಬಳಿಕ 30 ದಿನಗಳೊಳಗೆ ವಿಲೇವಾರಿಯ ಆದೇಶ ಆಗಬೇಕು. ವಿಚಾರಣೆಯಲ್ಲಿ ಈ ಫೋಟೋಗಳೇ ಸಾಕ್ಷ್ಯವಾಗುತ್ತವೆ.

ಮಾಡಬೇಕಾದ್ದೆಂತ?

ಆಟೋ ಓಡಿಸಿ ಮನೆ ನಡೆಸುವ ಒಬ್ಬರ ಗಾಡಿ ಅಪಘಾತದ ಕೇಸಿನಲ್ಲಿ ಠಾಣೆ ಸೇರಿತು ಎಂದಿಟ್ಟುಕೊಳ್ಳಿ. ಆರ್‌ಸಿ, ವಿಮೆ, ಗುರುತಿನ ದಾಖಲೆಗಳ ಪ್ರತಿಯೊಡನೆ ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಅರ್ಜಿ ಕೊಡಬೇಕು. ಪೊಲೀಸರ ವರದಿ ಬಂದ ಮೇಲೆ ಕೋರ್ಟ್ ಬಾಂಡ್, ಜಾಮೀನು ಪಡೆದು ಗಾಡಿ ಬಿಡುತ್ತದೆ. ಮಾರಬಾರದು, ರೂಪ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು ಎಂಬುದು ಸಾಮಾನ್ಯ ಷರತ್ತು. ಗಾಡಿ ಕೈಗೆ ಬಂತೆಂದು ಕೇಸು ಬಿದ್ದುಹೋಗುವುದಿಲ್ಲ. ಅದು ಕೊನೆಯ ತೀರ್ಪಿನವರೆಗಿನ ವಶ ಮಾತ್ರ. ಸಾವುನೋವಾದ ಅಪಘಾತದಲ್ಲಿ ವಿಮೆ ಇಲ್ಲದಿದ್ದರೆ ಬಿಡಿಸುವುದು ಕಷ್ಟ.

ಗಡಿನಾಡಿನಲ್ಲಿ ಇನ್ನೊಂದು ತೊಡಕುಂಟು. ಹೊಳೆ ಮರಳು, ಕರ್ನಾಟಕದ ಮದ್ಯದ ಪ್ಯಾಕೆಟು ಸಾಗಿಸುವಾಗ ಸಿಕ್ಕಿಬಿದ್ದ ವಾಹನಗಳಿಗೆ ಕೇರಳದ ವಿಶೇಷ ಕಾಯ್ದೆಗಳೇ ಬೇರೆ. ಅಲ್ಲಿ ಅಧಿಕಾರಿಗಳೇ ವಾಹನವನ್ನು ಸರಕಾರಕ್ಕೆ ಮುಟ್ಟುಗೋಲು ಹಾಕಬಹುದು. “ಡ್ರೈವರ್ ಮಾಡಿದ್ದು, ನನಗೆ ಗೊತ್ತೇ ಇರ್ಲಿಲ್ಲ” ಎಂದರೆ ಸಾಲದು, ಮಾಲಕ ಅದನ್ನು ತೋರಿಸಿಕೊಡಬೇಕು. ಮಾದಕವಸ್ತು ಪ್ರಕರಣದಲ್ಲೂ ವಿಚಾರಣೆ ಮುಗಿಯುವ ಮೊದಲು ವಾಹನ ಬಿಡಲು ಕಾನೂನಿನ ಅಡ್ಡಿಯಿಲ್ಲ ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲಿ ಹೇಳಿದೆ.

ಓದಿ ಸಹಿ ಹಾಕಿ

ಮಹಜರು ಮಲಯಾಳದಲ್ಲಿರುತ್ತದೆ. ಕನ್ನಡ ಮಾತ್ರ ಬಲ್ಲ ಹಿರಿಯರು ತೋರಿಸಿದಲ್ಲಿ ಸಹಿ ಹಾಕಿ ಬರುವುದುಂಟು. ಸರದ ತೂಕ, ಗಾಡಿಯ ಬಿಡಿಭಾಗ ಸರಿಯಾಗಿ ದಾಖಲಾಗದಿದ್ದರೆ ಮುಂದೆ ಕೇಳುವಂತಿಲ್ಲ. ಓದಿಸಿ, ತಿಳಿದು, ಬಳಿಕವೇ ಸಹಿ ಹಾಕಿ. ಭಾಷಾ ಅಲ್ಪಸಂಖ್ಯಾಕ ಪ್ರದೇಶದ ಸರಕಾರಿ ಕಚೇರಿಗಳಿಗೆ ಕನ್ನಡದಲ್ಲಿ ಬರೆಯುವ, ಕನ್ನಡದಲ್ಲೇ ಉತ್ತರ ಪಡೆಯುವ ಹಕ್ಕನ್ನು ಕೇರಳದ 1969ರ ಅಧಿಕೃತ ಭಾಷಾ ಕಾಯ್ದೆ ನಮಗೆ ಕೊಟ್ಟಿದೆ.

ವಕೀಲರಿಗೆ ಕೊಡಲು ಹಣವಿಲ್ಲವೇ? ಮಹಿಳೆಯರು, ಪರಿಶಿಷ್ಟರು, ಕಡಿಮೆ ಆದಾಯದವರು ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಉಚಿತ ನೆರವು ಕೇಳಬಹುದು. ಕಾಯ್ದೆ ದಿನ ಗೊತ್ತು ಮಾಡಿದೆ ನಿಜ. ಆದರೆ ಅರ್ಜಿ ಹಾಕದೆ ಮನೆಯಲ್ಲಿ ಕೂತವರ ಗಾಡಿಗೆ ಮಳೆ ಕಾಯುವುದಿಲ್ಲ.