ಹೆಜ್ಜೆ ಹಾಕಿದವಳ ಕ್ಯಾಮೆರಾ

ನಟಿಯೊಬ್ಬಳು ಕ್ಯಾಮೆರಾ ಹಿಡಿದರೆ ನಾವು ಅದನ್ನು ಹವ್ಯಾಸವೆಂದೋ ಸಾಹಸವೆಂದೋ ಮೆಚ್ಚಿ ಸುಮ್ಮನಾಗುತ್ತೇವೆ. ಅಭಿನಯವೇ ಛಾಯಾಗ್ರಹಣದ ಪಾಠಶಾಲೆಯಾಗಬಲ್ಲದು ಎಂದರೆ ಹುಬ್ಬೇರುತ್ತದೆ. ಪ್ರಯೋಗಶೀಲ ಚಿತ್ರಗಳ ನಿರ್ದೇಶಕಿ ಮಾಯಾ ಡೆರೆನ್ ಅವರ ಎರಡು ಚಿತ್ರಗಳನ್ನು ಅಕ್ಕಪಕ್ಕ ಇಟ್ಟು ನೋಡಿದರೆ ಆ ಮಾತನ್ನು ಒಪ್ಪಬೇಕಾಗುತ್ತದೆ. 1917ರಲ್ಲಿ ಕೀವ್‌ನಲ್ಲಿ ಹುಟ್ಟಿ ಬಾಲ್ಯದಲ್ಲೇ ಅಮೆರಿಕ ಸೇರಿದ ಡೆರೆನ್, ನೃತ್ಯ ಸಂಯೋಜಕಿ ಕ್ಯಾಥರೀನ್ ಡನ್‌ಹ್ಯಾಮ್ ಅವರ ಬಳಿ ಕಾರ್ಯದರ್ಶಿಯಾಗಿದ್ದರು. 1943ರಲ್ಲಿ ಪತಿ ಅಲೆಕ್ಸಾಂಡರ್ ಹಮಿದ್ ಜೊತೆಗೂಡಿ ಲಾಸ್ ಏಂಜಲಿಸ್‌ನ ತಮ್ಮ ಮನೆಯಲ್ಲಿ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಚಿತ್ರೀಕರಿಸಿದರು. ಸುಮಾರು 14 ನಿಮಿಷದ, ಮಾತಿಲ್ಲದ ಚಿತ್ರ; ನಾಯಕಿ ಅವರೇ. ಅದರಲ್ಲೊಂದು ಕಡೆ ಚಾಕು ಹಿಡಿದ ನಾಯಕಿ, ನಿದ್ರಿಸುತ್ತಿರುವ ತನ್ನದೇ ಇನ್ನೊಂದು ರೂಪದತ್ತ ನಡೆದು ಬರುತ್ತಾಳೆ. ಇರುವುದು ಒಂದೇ ಕೋಣೆಯ ದೂರ. ಆದರೆ ಒಂದು ಹೆಜ್ಜೆ ಮರಳ ಮೇಲೆ, ಇನ್ನೊಂದು ಹುಲ್ಲಿನ ಮೇಲೆ, ಮತ್ತೊಂದು ಕಾಲುದಾರಿಯ ಮೇಲೆ, ಕೊನೆಯದು ಜಮಖಾನದ ಮೇಲೆ.

ಈ ಚಿತ್ರದ ಕ್ಯಾಮೆರಾ ಹಮಿದ್ ಅವರದು, ಡೆರೆನ್ ನಟಿಸಿದ್ದಷ್ಟೇ ಎಂದು ಆಕ್ಷೇಪಿಸುವವರಿದ್ದಾರೆ. ಹಮಿದ್ ಪ್ರಾಗ್‌ನಲ್ಲೇ ಪಳಗಿದ ಛಾಯಾಗ್ರಾಹಕ. ಚಿತ್ರದ ಬೆಳಕು ನೆರಳಿನ ಹದದಲ್ಲಿ ಅವರ ಕೈ ಕಾಣುತ್ತದೆ, ಅದನ್ನು ಅಲ್ಲಗಳೆಯಬೇಕಿಲ್ಲ. ಇದೊಂದೇ ಚಿತ್ರವಿದ್ದಿದ್ದರೆ ವಾದ ಅಲ್ಲಿಗೇ ನಿಲ್ಲುತ್ತಿತ್ತು. 1945ರ ‘ಎ ಸ್ಟಡಿ ಇನ್ ಕೊರಿಯೋಗ್ರಫಿ ಫಾರ್ ಕ್ಯಾಮೆರಾ’ ಚಿತ್ರದಲ್ಲಿ ಕ್ಯಾಮೆರಾ ಡೆರೆನ್ ಕೈಯಲ್ಲೇ ಇತ್ತು. ತೆರೆಯ ಮೇಲೆ ನರ್ತಕ ಟ್ಯಾಲಿ ಬೀಟಿ ಒಬ್ಬರೇ. ಅವರು ಕಾಡಿನಲ್ಲಿ ಎತ್ತಿದ ಕಾಲು ಮನೆಯೊಳಗೆ ಊರುತ್ತದೆ. ಎರಡು ವರ್ಷದ ಹಿಂದೆ ಸ್ವಂತ ಪಾದಗಳಿಂದ ಮಾಡಿದ್ದನ್ನು ಡೆರೆನ್ ಈಗ ಇನ್ನೊಬ್ಬರ ಪಾದಗಳಿಂದ ಮಾಡಿಸಿದ್ದಾರೆ. ನರ್ತಕ ತಿರುಗುವ ಶಾಟ್‌ನಲ್ಲಂತೂ ಕ್ಯಾಮೆರಾ ಓಡುವ ವೇಗವನ್ನೇ ಬದಲಿಸುತ್ತ ಹೋಗಿ, ನಿಧಾನವಾದ ಗಿರಕಿಯನ್ನು ಕಣ್ಣಿಗೆ ನಿಲುಕದ ಸುತ್ತಾಗಿಸುತ್ತಾರೆ. ದೇಹ ಎಲ್ಲಿ ಭಾರ ಬಿಡುತ್ತದೆ, ಯಾವ ಕ್ಷಣದಲ್ಲಿ ಶಾಟ್ ಕತ್ತರಿಸಿದರೆ ಚಲನೆ ಮುರಿಯುವುದಿಲ್ಲ ಎಂಬ ತಿಳಿವು ಲೆನ್ಸಿನ ಕೈಪಿಡಿಯಿಂದ ಬರುವಂಥದ್ದಲ್ಲ. ‘ಮೆಶಸ್’ನ ಆ ಹೆಜ್ಜೆಗಳಿಂದಲೇ ತಮ್ಮ ಮುಂದಿನ ದಾರಿ ತೆರೆಯಿತೆಂದು ಡೆರೆನ್ ಬರೆದುಕೊಂಡದ್ದೂ ಇದಕ್ಕೆ ಪುಷ್ಟಿ ಕೊಡುತ್ತದೆ.

ಕ್ಯಾಮೆರಾದ ಮುಂದೆ ನಿಂತವರು ಅದೇ ಗಳಿಗೆಯಲ್ಲಿ ಹಿಂದೆಯೂ ನಿಲ್ಲಲಾರರು ಎಂಬುದು ಇನ್ನೊಂದು ತಕರಾರು. ಡೆರೆನ್‌ಗೂ ಅದು ಗೊತ್ತಿತ್ತು. ತಾವು ನಟಿಸಿದ 1946ರ ‘ರಿಚುವಲ್ ಇನ್ ಟ್ರಾನ್ಸ್‌ಫಿಗರ್ಡ್ ಟೈಮ್’ ಚಿತ್ರದ ಕ್ಯಾಮೆರಾವನ್ನು ಅವರು ಛಾಯಾಗ್ರಾಹಕಿ ಹೆಲ್ಲಾ ಹೇಮನ್‌ಗೆ ಒಪ್ಪಿಸಿದರು. ಹಾಗೆಯೇ, ನೂರಾರು ಜನ ದುಡಿಯುವ ವ್ಯಾಪಾರಿ ಚಿತ್ರಕ್ಕೆ ಪುಟ್ಟ ಪ್ರಯೋಗಗಳ ಮಾದರಿ ಹೊಂದುವುದಿಲ್ಲ ಎಂಬುದೂ ಸರಿಯೇ. ಕೆಲಸ ಹಂಚಿಕೊಳ್ಳಲೇಬೇಕು. ಆದರೆ ಹಂಚಿಕೆಯ ಹೆಸರಿನಲ್ಲಿ ಹೆಣ್ಣನ್ನು ಬೆಳಕಿನಲ್ಲಿ ನಿಲ್ಲಿಸಿ, ಬೆಳಕಿನ ಲೆಕ್ಕವನ್ನು ಗಂಡಿಗೆ ಬಿಟ್ಟದ್ದು ಕಸುಬಿನ ಅಗತ್ಯವಲ್ಲ, ರೂಢಿ. ಆ ರೂಢಿ ನಮ್ಮಲ್ಲೂ ಗಟ್ಟಿಯಾಗಿತ್ತು: ನಮ್ಮ ನಿರ್ದೇಶಕ ಬಿ.ಆರ್. ಪಂತುಲು ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ ತಮಿಳಿನ ‘ಚಿನ್ನ ವೀಡು’ ಚಿತ್ರದ ಛಾಯಾಗ್ರಾಹಕಿಯಾದದ್ದು 1985ರಲ್ಲಿ. ಅಷ್ಟು ಹೊತ್ತಿಗೆ ದಕ್ಷಿಣದ ತೆರೆ ನಟಿಯರ ಹಲವು ತಲೆಮಾರುಗಳನ್ನು ಕಂಡಿತ್ತು. ಈ ರೂಢಿ ಮುರಿಯಲು ನಟನೆ ಕಲಿಯುವವರ ಕೈಗೆ ಒಂದು ತಿಂಗಳಾದರೂ ಕ್ಯಾಮೆರಾ ಕೊಟ್ಟು, ಛಾಯಾಗ್ರಹಣ ಕಲಿಯುವವರನ್ನು ಅದೇ ಕ್ಯಾಮೆರಾದ ಮುಂದೆ ನಡೆಯಲು ಹಚ್ಚಿದರೆ ನಮ್ಮ ಚಿತ್ರಶಾಲೆಗಳಿಗೆ ಹೆಚ್ಚಿನ ಖರ್ಚೇನೂ ಬರಲಾರದು.