ಲಕ್ಷ್ಮಿಯೂ ಅವರೇ, ವಾಸ್ಕೋ ಡ ಗಾಮನೂ ಅವರೇ

ಕಮಲದ ಮೇಲೆ ನಿಂತ ಲಕ್ಷ್ಮಿ. ರಾಜಾ ರವಿವರ್ಮನ ಮುದ್ರಣಾಲಯದಿಂದ ಹೊರಟು ದೇವರ ಮನೆ, ದಿನಸಿ ಅಂಗಡಿ, ಕ್ಯಾಲೆಂಡರುಗಳಲ್ಲೆಲ್ಲ ನೆಲೆಯೂರಿದ ಆ ಚಿತ್ರ ಪುಷ್ಪಮಾಲಾ ಎನ್. ಅವರ ಫೋಟೊದಲ್ಲೂ ಇದೆ. ಅದೇ ನಿಲುವು, ಅದೇ ಅಲಂಕಾರ, ಹಿಂದೆ ಬಣ್ಣ ಬಳಿದ ಪರದೆ. ಮುಖ ಮಾತ್ರ ಕಲಾವಿದೆಯದು.

1956ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಪುಷ್ಪಮಾಲಾ ಬರೋಡಾದಲ್ಲಿ ಕಲಿತದ್ದು ಶಿಲ್ಪಕಲೆ. ಸುಟ್ಟ ಮಣ್ಣಿನ ಆಕೃತಿಗಳಿಂದಲೇ ಮೊದಲು ಹೆಸರು ಮಾಡಿದರು. 1990ರ ದಶಕದ ನಡುವೆ ಮಣ್ಣನ್ನು ಬದಿಗಿಟ್ಟು ತಮ್ಮ ಮೈಯನ್ನೇ ಮಾಧ್ಯಮ ಮಾಡಿಕೊಂಡರು. ಕಥೆ, ವೇಷ, ರಂಗಸಜ್ಜು ಎಲ್ಲವೂ ಅವರ ಕಲ್ಪನೆಯದು. ಕ್ಯಾಮೆರಾ ಹಿಡಿಯುವವರು ಬೇರೆ. ಕಲಾಲೋಕ ಇದನ್ನು ‘ಫೋಟೊ ಪರ್ಫಾರ್ಮೆನ್ಸ್’ ಎಂದು ಕರೆಯುತ್ತದೆ.

ಈ ದಾರಿಯ ಮೊದಲ ದೊಡ್ಡ ಹೆಜ್ಜೆ ‘ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್’ (1996–98). ಮುಂಬೈಯ ರಾತ್ರಿಗಳಲ್ಲಿ ಮುಖವಾಡ ತೊಟ್ಟು ಓಡಾಡುವ ಸಾಹಸಿ ಹೆಣ್ಣು, ಹಳೆಯ ಸ್ಟಂಟ್ ಸಿನಿಮಾಗಳ ಫಿಯರ್‌ಲೆಸ್ ನಾಡಿಯಾಳನ್ನು ನೆನಪಿಸುವಂಥವಳು. ಮುಂದೆ, ಹಿಂದಿ ಚಿತ್ರತಾರೆಯರ ಭಾವಚಿತ್ರಗಳಿಗೆ ಹೆಸರಾಗಿದ್ದ ಹಿರಿಯ ಛಾಯಾಗ್ರಾಹಕ ಜೆ.ಎಚ್. ಠಕ್ಕರ್ ಅವರ ಕ್ಯಾಮೆರಾದ ಮುಂದೆಯೇ ನಾಯಕಿಯಾಗಿ ಕೂತರು.

ಅವರನ್ನು ಹೆಚ್ಚು ಚರ್ಚೆಗೆ ತಂದ ಕೃತಿ ‘ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ’ (2000–2004). ಬೆಂಗಳೂರಿನಲ್ಲಿ ನೆಲೆಸಿದ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಸೇರಿ ಮಾಡಿದ ಸರಣಿ. ರವಿವರ್ಮನ ಬೆಳದಿಂಗಳ ಹೆಣ್ಣು, ಬಿಜಾಪುರದ ದಖನಿ ಶೈಲಿಯ ಯೋಗಿನಿ, ಪತ್ರಿಕೆಯಲ್ಲಿ ಅಚ್ಚಾದ ಬಂಧಿತ ಮಹಿಳೆಯರು, ಹೀಗೆ ಎಲ್ಲರೂ ಪುಷ್ಪಮಾಲಾ ಮೈಮೇಲೆ ಬರುತ್ತಾರೆ. ಸರಣಿಯ ಇನ್ನೊಂದು ಭಾಗ ನಗುವಿನಲ್ಲೇ ಚುಚ್ಚುತ್ತದೆ. ಬ್ರಿಟಿಷ್ ಅಧಿಕಾರಿಗಳು ಬುಡಕಟ್ಟಿನ ಜನರನ್ನು ಚೌಕಳಿ ಪರದೆಯ ಮುಂದೆ ನಿಲ್ಲಿಸಿ, ತಲೆ–ತೋಳು ಅಳೆದು, ಫೋಟೊ ತೆಗೆದು ‘ಜಾತಿವಾರು ಮಾದರಿ’ ಎಂದು ಕಡತಕ್ಕೆ ಸೇರಿಸುತ್ತಿದ್ದರು. ಅಂಥದೇ ಪರದೆಯ ಮುಂದೆ ಈಗ ನಿಂತಿರುವುದು ಬರೋಡಾದಲ್ಲಿ ಓದಿದ, ಇಂಗ್ಲಿಷ್ ಬಲ್ಲ ಬೆಂಗಳೂರಿನ ಕಲಾವಿದೆ. ಅಳತೆಗೋಲು ಯಾರನ್ನು ಅಳೆಯುತ್ತಿದೆ ಎಂಬ ಗೊಂದಲ ನೋಡುಗರಿಗೆ.

2014ರಲ್ಲಿ ಕೊಚ್ಚಿ–ಮುಜಿರಿಸ್ ಬಿನಾಲೆಗೆ ಅವರು ಒಯ್ದದ್ದು ‘ವಾಸ್ಕೋ ಡ ಗಾಮನ ಆಗಮನ’. ಗಾಮ ಕಲ್ಲಿಕೋಟೆಗೆ ಬಂದು ನಾನೂರು ವರ್ಷವಾದಾಗ, 1898ರಲ್ಲಿ, ಪೋರ್ಚುಗಲ್‌ನ ವೆಲೊಸೊ ಸಲ್ಗಾದೊ ಕಲ್ಲಿಕೋಟೆಯ ದೊರೆ ಸಾಮೂದಿರಿಯ ಆಸ್ಥಾನವನ್ನು ಊಹಿಸಿಕೊಂಡು ಬಿಡಿಸಿದ್ದ ಚಿತ್ರದ ಮರುಸೃಷ್ಟಿ ಅದು. ಗಡ್ಡ ಅಂಟಿಸಿಕೊಂಡು ಗಾಮನಾದವರು ಪುಷ್ಪಮಾಲಾ!

ಭಾರತಮಾತೆಯ ವೇಷವಂತೂ 2005ರಿಂದ ಅವರಲ್ಲಿ ಮತ್ತೆ ಮತ್ತೆ ಕಾಣುತ್ತದೆ. 2017ರಲ್ಲಿ ಹತ್ಯೆಗೀಡಾದ ಪತ್ರಕರ್ತೆ ಗೌರಿ ಲಂಕೇಶ್ ಅವರ ‘ಅರ್ಜೆಂಟ್ ಸಾರು’ ಎಂಬ ಅಡುಗೆ ಪುಷ್ಪಮಾಲಾ ಅವರ ಒಂದು ಪ್ರದರ್ಶನದ ವಸ್ತುವೂ ಆಯಿತು. ಪ್ರೇಕ್ಷಕರ ಎದುರೇ ಒಲೆ ಹಚ್ಚಿ ಸಾರು ಕುದಿಸಿ, ರಾಜಕೀಯವನ್ನು ಅಡುಗೆಮನೆಗೆ ಎಳೆತಂದ ಪ್ರಯೋಗ ಅದು.

ಸಂಘಟಕಿಯಾಗಿಯೂ ಅವರದು ಚುರುಕಿನ ಓಡಾಟ. ‘ಸೋಂಬೇರಿ ಕಟ್ಟೆ’ ಎಂಬ ಕಾಲ್ಪನಿಕ ಸಂಸ್ಥೆಯ ಹೆಸರಿನಲ್ಲಿ ಬೆಂಗಳೂರಿನಲ್ಲಿ ಕಲೆಯ ಚರ್ಚೆಗಳನ್ನು ನಡೆಸಿದರು. 2019ರ ಚೆನ್ನೈ ಫೋಟೊ ಬಿನಾಲೆಯ ಕಲಾ ನಿರ್ದೇಶಕಿಯಾಗಿದ್ದರು. ಇತ್ತೀಚಿನ ವರ್ಷಗಳಲ್ಲಿ ಅವರ ಕೈ ಮತ್ತೆ ಗಟ್ಟಿ ವಸ್ತುಗಳತ್ತ ಹೊರಳಿದೆ: ‘ಅಟ್ಲಾಸ್ ಆಫ್ ರೇರ್ ಆ್ಯಂಡ್ ಲಾಸ್ಟ್ ಆಲ್ಫಬೆಟ್ಸ್’ ಕೃತಿಯಲ್ಲಿ ತಾಮ್ರದ ಹಲಗೆಗಳ ಮೇಲೆ ಹಳೆಯ ಲಿಪಿಗಳನ್ನು ಕೊರೆದು, ಮುದ್ರಣಕ್ಕೆ ಬಳಸದೆ, ಆ ಹಲಗೆಗಳನ್ನೇ ಶಿಲ್ಪಗಳಾಗಿ ಪ್ರದರ್ಶಿಸಿದ್ದಾರೆ.